ನ್ಯಾಮತಿಯ ಗೋಡೆಯ ಮೇಲೆ ಸೊಕ್ಕೆಯ ಬಯಲು

ಸೊಕ್ಕೆಯ ಮೂಕಪ್ಪನಷ್ಟು ಮಾತಾಡುವ ಮನುಷ್ಯ ಇಡೀ ಜಗಳೂರು ತಾಲ್ಲೂಕಿನಲ್ಲಿ ಇರಲಿಲ್ಲ. ಹೆಸರಿಟ್ಟವರು ದೇವರ ಮೇಲೆ ಭಾರ ಹಾಕಿ ಇಟ್ಟಿದ್ದರು, ದೇವರು ಆ ಭಾರ ಹೊರಲಿಲ್ಲ. ಬಸ್ಸು ಹತ್ತಿದರೆ ಕಂಡಕ್ಟರ್ ಜೊತೆ ಜಗಳ, ಇಳಿದರೆ ಕುರಿ ಕಾಯುವವರ ಜೊತೆ ಜಗಳ, ಜಗಳಕ್ಕೆ ಯಾರೂ ಸಿಗದಿದ್ದರೆ ಸರ್ಕಾರದ ಜೊತೆ. ಇಂಥವನ ಮಗ ಮೈಲಾರಿ, ವರ್ಷ ತುಂಬಿದರೂ ಅಪ್ಪನ ದನಿಗೆ ಒಮ್ಮೆಯೂ ಕತ್ತು ತಿರುಗಿಸಲಿಲ್ಲ.

‘ನಿನ್ನ ಮಾತು ಕೇಳಿ ಕೇಳಿ ಕೂಸಿಗೆ ಬ್ಯಾಸರಾಗೈತೆ, ಅದಕ್ಕೇ ತಿರುಗವಲ್ದು’ ಅಂದರು ಜನ.

ಮೂಕಪ್ಪನ ಮನೆಯಲ್ಲಿ ಒಂದು ಚರ್ಮದ ಹಲಗೆ ಇತ್ತು. ಅವನ ಅಪ್ಪನ ಕಾಲದಲ್ಲಿ ಯಾರು ಸತ್ತರೂ ಅದನ್ನು ಇವರೇ ಬಡಿಯಬೇಕು, ಹೆಣದ ಮುಂದೆ ಇವರೇ ನಡೆಯಬೇಕು. ಮೂಕಪ್ಪ ದಲಿತ ಸಂಘ ಸೇರಿ, ಬೌದ್ಧ ದೀಕ್ಷೆ ತಗೊಂಡ ದಿನ ಅದನ್ನು ಅಟ್ಟಕ್ಕೆ ಎಸೆದು, ‘ಇನ್ನು ನಿಮ್ಮ ಹೆಣಕ್ಕೆ ನೀವೇ ಬಡ್ಕೊಳ್ರಿ’ ಅಂದು ಕೈತೊಳೆದುಕೊಂಡಿದ್ದ. ಕೆಲವರು ಅವನ ಜೊತೆ ಮಾತು ಬಿಟ್ಟರು. ಅವನು ಮಾತ್ರ ಬಿಡಲಿಲ್ಲ. ಅಂಥ ಹಲಗೆಯನ್ನು ಈಗ ಮಗನಿಗಾಗಿ ಕೆಳಗಿಳಿಸಿದ. ಒಲೆಯ ಮುಂದೆ ಕಾಸಿದ, ಮಲಗಿದ್ದ ಕೂಸಿನ ತಲೆದೆಸೆಯಲ್ಲಿ ಕುಕ್ಕರಗಾಲಲ್ಲಿ ಕೂತು ಬಡಿದ. ಕೂಸು ಮಗ್ಗುಲು ಬದಲಿಸಿ ಬೆರಳು ಚೀಪಿತು. ಇನ್ನೂ ಜೋರಾಗಿ ಬಡಿದ. ಅಷ್ಟೊತ್ತಿಗೆ ಊರ ಜನವೆಲ್ಲ ಬಾಗಿಲಲ್ಲಿ. ಹೆಂಗಸರು ಆಗಲೇ ಸೆರಗು ಬಾಯಿಗೆ ಒತ್ತಿಕೊಂಡಿದ್ದರು.

‘ಯಾರು ಹೋದ್ರೋ ಮೂಕ?’

‘ಯಾರೂ ಹೋಗಿಲ್ಲ ನಡೀರಿ. ನನ್ ಮಗನಿಗೆ ಕಿವಿ ಐತೋ ಇಲ್ವೋ ಅಂತ ನೋಡಾಕೆ ಹತ್ತೀನಿ.’

‘ಥೂ ನಿನ್ನ! ಅಳಾಕೆ ಅಂತ ಹೊಲದಿಂದ ಓಡಿ ಬಂದೀವಲ್ಲೋ.’

ಬಂದವರು ಬರಿಗೈಲಿ ಹೋಗಬಾರದು ಅಂತ ಇಬ್ಬರು ಮುದುಕಿಯರು ಮಗುವಿನ ಕಿವಿಗಾಗಿ ಒಂದಿಷ್ಟು ಅತ್ತೇ ಹೋದರು.

ಕಿವಿ ಹೋದ ಲೆಕ್ಕಕ್ಕೆ ಮೈಲಾರಿಗೆ ಕಣ್ಣು ಬಂದಿತ್ತು ಅಂತ ಯಾರಾದರೂ ಹೇಳಿದರೆ ನಂಬಬೇಡಿ. ಎಲ್ಲರಿಗೂ ಇರುವ ಕಣ್ಣೇ. ಆದರೆ ಉಳಿದವರು ನೋಡುವ ಹೊತ್ತಿನಲ್ಲಿ ಮಾತಾಡುತ್ತಾರೆ, ಇವನು ಆ ಹೊತ್ತಿನಲ್ಲೂ ನೋಡುತ್ತಿದ್ದ. ಕುರಿ ಹಿಂದೆ ಹೋಗಿ ಇದ್ದಿಲಿನಲ್ಲಿ ಬಂಡೆಯ ಮೇಲೆ ಬಯಲು ಬರೆಯುತ್ತಿದ್ದ. ಸೊಕ್ಕೆಯ ಬಯಲಿನಲ್ಲಿ ಬರೆಯುವುದಕ್ಕೆ ಏನಿದೆ? ಕೆಂಪು ನೆಲ, ಜಾಲಿ, ಕಳ್ಳಿ, ಕೊಯ್ದ ಜೋಳದ ಕೂಳೆ, ಮೇಲೆ ಯಾರೂ ಬಳಸದೆ ಬಿಟ್ಟ ಆಕಾಶ. ಅದನ್ನೇ ಬರೆದ. ದಾವಣಗೆರೆಯ ಒಂದು ಕಿವುಡ ಮಕ್ಕಳ ಶಾಲೆಗೆ ಹಾಕಿದರು. ಕ್ಲಾಸಿನಲ್ಲಿ ಬಾಯಿಮಾತು ಕಲಿಸಲು ಮೇಷ್ಟರು ಮೇಣದಬತ್ತಿ ಮುಂದಿಟ್ಟು ‘ಪ’ ಅನ್ನಿಸಿ ದೀಪ ಆರಿಸುತ್ತಿದ್ದರು. ಹಾಸ್ಟೆಲಿನಲ್ಲಿ ಹುಡುಗರು ಕೈಯಲ್ಲಿ ಲೋಕದ ಮಾತೆಲ್ಲ ಆಡುತ್ತಿದ್ದರು. ಮೈಲಾರಿ ಬೈಗುಳ ಸಮೇತ ಎರಡನೆಯದನ್ನು ಕಲಿತು ಬಂದ.

ಮೀಸೆ ಮೂಡುವ ಹೊತ್ತಿಗೆ ಚನ್ನಗಿರಿಯ ಬುಡನ್‌ಸಾಬ್ ಪೇಂಟರ ಹತ್ತಿರ ಸೇರಿದ. ಚನ್ನಗಿರಿಯ ಟ್ರ್ಯಾಕ್ಟರ್ ಟ್ರೇಲರುಗಳ ಹಿಂಬಾಗಿಲು, ಅಡಿಕೆ ಮಂಡಿಗಳ ಗೋಡೆ, ಹೋಟೆಲುಗಳ ಒಳಗೋಡೆ ಎಲ್ಲಕ್ಕೂ ಸಾಬರದೇ ಸೀನರಿ. ಸೀನರಿ ಅಂದರೆ ಎಲ್ಲೆಲ್ಲೂ ಒಂದೇ: ಎರಡು ಗುಡ್ಡ, ನಡುವೆ ಹುಟ್ಟುವ ಸೂರ್ಯ, ಗುಡ್ಡದಿಂದ ಇಳಿಯುವ ಹೊಳೆ, ಹೊಳೆಯಲ್ಲಿ ಜೋಡಿ ಹಂಸ, ಮೂಲೆಯಲ್ಲಿ ಗುಡಿಸಲು. ಸಾಬರು ಕಣ್ಣು ಮುಚ್ಚಿಕೊಂಡು ಬರೆಯುತ್ತಿದ್ದರು. ಮೈಲಾರಿ ಮೊದಲ ದಿನವೇ ಕೈಯಲ್ಲಿ ಕೇಳಿದ: ಇದು ಯಾವ ಊರು?

ಸಾಬರು ಬ್ರಷ್ಷು ಕೆಳಗಿಟ್ಟು ತಮ್ಮ ಸೀನರಿಯನ್ನೇ ನೋಡಿದರು. ನಲವತ್ತು ವರ್ಷ ಬರೆದಿದ್ದರೂ ಯಾವ ಊರು ಅಂತ ಯಾವ ಗಿರಾಕಿಯೂ ಕೇಳಿರಲಿಲ್ಲ. ಹೀಗೆ ಶುರುವಾಯಿತು ಮೈಲಾರಿಯ ಕಾಯಿಲೆ. ಕಂಡಿದ್ದನ್ನು ಬಿಟ್ಟು ಬೇರೆ ಬರೆಯುವುದಕ್ಕೆ ಅವನ ಕೈ ಏಳುತ್ತಿರಲಿಲ್ಲ. ಹಂಸ ನೋಡಿಲ್ಲ, ಹಂಸ ಬರೆಯುವುದಿಲ್ಲ. ಸಾಬರು ತಲೆಗೊಂದು ಮೊಟಕಿದರು, ಬೆನ್ನು ಸವರಿದರು, ಬಿರಿಯಾನಿ ತಿನ್ನಿಸಿದರು. ಬಿರಿಯಾನಿ ತಿಂದ, ಹಂಸ ಬರೆಯಲಿಲ್ಲ.

ಒಬ್ಬ ಮಂಡಿ ಸಾಹುಕಾರ ಅಂಗಡಿಯ ಮುಂಗೋಡೆಗೆ ಜೋಗದ ಜಲಪಾತ ಬೇಕು ಅಂದ. ಸಾಬರು ‘ಆತು ಬಿಡು, ಇದಾದ್ರೂ ನೋಡಾಕೆ ಸಿಗ್ತೈತೆ’ ಅಂದುಕೊಂಡು ಮೈಲಾರಿಯನ್ನು ಬಸ್ಸು ಹತ್ತಿಸಿಕೊಂಡು ಶಿವಮೊಗ್ಗ, ಸಾಗರ ದಾಟಿ ಕರೆದುಕೊಂಡು ಹೋದರು. ಹೋದದ್ದು ಯುಗಾದಿ ಕಳೆದ ಮೇಲೆ. ಮೈಲಾರಿ ಇಡೀ ಹಗಲು ಕಣ್ಣು ಕೀಲಿಸಿಕೊಂಡು ಕೂತು ನೋಡಿದ. ವಾಪಸು ಬಂದು ಹದಿನೈದು ದಿನ ಕಷ್ಟಪಟ್ಟು ಬರೆದ. ಸಾಹುಕಾರ ಬಂದು ನೋಡಿದರೆ ಗೋಡೆ ತುಂಬ ಬೋಳು ಬಂಡೆ.

‘ನೀರೆಲ್ಲಿ ಸಾಬ್ರೆ?’

‘ಬ್ಯಾಸಿಗ್ಯಾಗೆ ಹೋಗಿದ್ವಿ ಸಾವ್ಕಾರ್ರೆ.’

‘ನನಗ್ಯಾಕ್ರಿ ಬ್ಯಾಸಿಗೆ? ಮಳೆಗಾಲದ್ದು ಬರೀರಿ.’

‘ಮಳೆಗಾಲದಾಗೆ ಹುಡುಗ ನೋಡಿಲ್ವಲ್ಲ.’

‘ಹಂಗಾರೆ ನಾನು ಮಳೆಗಾಲದ ತನಕ ಕಾಯಬೇಕೇನು?’

‘ಕಾದ್ರೆ ಒಳ್ಳೇದು’ ಅಂದರು ಸಾಬರು. ಅವರಿಗೂ ಕಾಯಿಲೆ ಸ್ವಲ್ಪ ಅಂಟಿತ್ತು.

ಸಾಹುಕಾರ ಕಾಯಲಿಲ್ಲ. ಇನ್ನೊಬ್ಬ ಪೇಂಟರನನ್ನು ಕರೆಸಿ ಬಂಡೆಯ ಮೇಲೆ ಬಿಳಿ ಬಣ್ಣ ಸುರುವಿಸಿದ. ಬಣ್ಣ ಮಿಕ್ಕಿತ್ತು ಅಂತ ಅವನು ಜಲಪಾತದ ನೆತ್ತಿಯ ಮೇಲೆ ಎರಡು ಹಂಸವನ್ನೂ ಕೂರಿಸಿದ. ಮೈಲಾರಿ ಅದನ್ನು ನೋಡಿ ಬಂದು ಅಂಗಡಿಯ ಮೂಲೆಯಲ್ಲಿ ಮುಖ ಮುಚ್ಚಿಕೊಂಡು ಮಲಗಿದ. ಊಟಕ್ಕೆ ಏಳಲಿಲ್ಲ. ಸಾಬರು ಪಕ್ಕದಲ್ಲಿ ಕೂತು, ಕೇಳುವುದಿಲ್ಲ ಅಂತ ಗೊತ್ತಿದ್ದೂ ಹೇಳಿದರು, ‘ಬೇಟಾ, ಗಿರಾಕಿ ಕಣ್ಣಿಗೆ ಏನು ಬೇಕೋ ಅದನ್ನ ಬರೀಬೇಕು. ನಿನ್ ಕಣ್ಣಿಗೆ ಕಂಡಿದ್ದು ಯಾರಿಗೆ ಬೇಕೈತೆ?’

ಸಾಬರು ತೀರಿಹೋದ ಮೇಲೆ ಮೈಲಾರಿ ಹೊನ್ನಾಳಿಗೆ ಬಂದ. ಅಲ್ಲಿ ಫೋಟೋ ಸ್ಟುಡಿಯೋ ಅನೀಸ್ ತುಂಗಭದ್ರೆಯ ಪರದೆ ಬರೆಸಿದ. ಹೊಳೆ, ಸೇತುವೆ, ಸಂಜೆಯ ಬಿಸಿಲು ನೀರಿನ ಮೇಲೆ ಒಡೆಯುವುದು, ಎಲ್ಲ ಎಷ್ಟು ಚೆನ್ನಾಗಿತ್ತೆಂದರೆ ಸ್ಟುಡಿಯೋದೊಳಗೆ ಬಂದವರು ಲುಂಗಿ ಎತ್ತಿಕಟ್ಟುತ್ತಿದ್ದರು. ಆದರೆ ಅವನು ನೋಡಿದ ದಿನ ಹೊಳೆಯಲ್ಲಿ ಎಮ್ಮೆಗಳು ಬಿದ್ದುಕೊಂಡಿದ್ದವು. ಅವನ್ನೂ ಬರೆದಿದ್ದ. ಹೊಸ ಮದುವೆಯ ಜೋಡಿ ನಿಂತರೆ ಮದುಮಗಳ ನೆತ್ತಿಯಿಂದ ಎಮ್ಮೆಯ ಬಾಲ ಹೊರಡುತ್ತಿತ್ತು.

‘ಮೈಲಾರಿ ಭಾಯ್, ಆ ಒಂದು ಎಮ್ಮೆ ಎಬ್ಬಿಸಿಬಿಡು’ ಅಂತ ಅನೀಸ್ ಕೈಮುಗಿದು ಅಭಿನಯಿಸಿದ.

ಎಮ್ಮೆ ಅಲ್ಲೇ ಇತ್ತು, ಅಂದ ಮೈಲಾರಿ ಕೈಯಲ್ಲಿ. ನಾನು ಬರುವ ಮುಂಚಿನಿಂದ ಇತ್ತು.

ಅನೀಸ್ ಕತ್ತರಿ ತಂದು ಪರದೆಯ ಕೆಳಗಿನ ಅರ್ಧವನ್ನೇ ಕತ್ತರಿಸಿದ. ಎಮ್ಮೆಯ ಜೊತೆ ಹೊಳೆಯೂ ಹೋಯಿತು. ಉಳಿದದ್ದು ಸೇತುವೆ ಮತ್ತು ಆಕಾಶ. ಆಮೇಲೆ ಫ್ಲೆಕ್ಸ್ ಬಂತು, ಕಂಪ್ಯೂಟರ್ ಬಂತು, ಬಟನ್ ಒತ್ತಿದರೆ ಹಿಂದುಗಡೆ ಸ್ವಿಟ್ಜರ್ಲೆಂಡ್ ಬಂದು ನಿಲ್ಲುವ ಕಾಲ ಬಂತು. ಮೈಲಾರಿ ಬಾಗಿಲು, ಗ್ರಿಲ್ಲು, ಓವರ್‌ಹೆಡ್ ಟ್ಯಾಂಕಿಗೆ ಬಣ್ಣ ಹೊಡೆದು ಹೊಟ್ಟೆ ಹೊರೆದ. ಅವನ ಮನಸ್ಸಿನಲ್ಲಿ ಇದ್ದದ್ದು ಒಂದೇ ಆಸೆ. ಬರೆದದ್ದು ಬರೆದ ಹಾಗೆ, ಯಾರೂ ನೀರು ಸುರಿಯದೆ, ಯಾರೂ ಕತ್ತರಿಸದೆ, ಒಂದೇ ಒಂದು ಗೋಡೆ ಉಳಿಯಬೇಕು. ದೊಡ್ಡ ಆಸೆಯೇನಲ್ಲ. ಆದರೆ ಈ ದೇಶದಲ್ಲಿ ಗೋಡೆ ಇರುವವರು ಬೇರೆ, ಬರೆಯುವವರು ಬೇರೆ.

ನ್ಯಾಮತಿಗೆ ಅವನನ್ನು ತಂದದ್ದು ಮಿರ್ಚಿ. ಕಲ್ಪನಾ ಅನ್ನುವ ಹೆಣ್ಣುಮಗಳು ಅಲ್ಲಿ ಮಂಡಕ್ಕಿ-ಮಿರ್ಚಿ ಗಾಡಿ ಇಟ್ಟಿದ್ದಳು. ಬಾಯಿ ಜೋರು, ಎಣ್ಣೆ ಅದಕ್ಕಿಂತ ಜೋರು. ಗಾಡಿಗೊಂದು ಬೋರ್ಡ್ ಬರೆಸಲು ಇವನನ್ನು ಕರೆಸಿದಳು. ಅವನು ಎದುರಿಗೆ ಕೂತು, ಅವಳು ಕರಿದದ್ದನ್ನು ತಿರುಗಿಸಿ ತಿರುಗಿಸಿ ನೋಡಿ, ಒಂದು ಮಗ್ಗುಲು ಸೀದಿದ್ದ ಮಿರ್ಚಿಯನ್ನು ಸೀದಂತೆಯೇ ಬರೆದ. ಊರೇ ನಕ್ಕಿತು. ಕಲ್ಪನಾ ಮಾತ್ರ ಸೊಂಟಕ್ಕೆ ಕೈಯಿಟ್ಟು ಬಹಳ ಹೊತ್ತು ನೋಡಿ, ‘ದಿನಾ ಸಾವ್ರ ಜನ ತಿಂತಾರೆ. ನನ್ ಮಿರ್ಚಿನ ಕಣ್ಣಿಟ್ಟು ನೋಡಿದೋನು ಇವ್ನೊಬ್ನೇ’ ಅಂದಳು. ಸರಳ ಮದುವೆ ಆಯಿತು. ಮೂಕಪ್ಪ ಬಂದು ಭಾಷಣ ಮಾಡಿದ. ಮುಗಿಸಲಿಲ್ಲ ಅಂತ ಮೈಕಿನ ವೈರು ಕಿತ್ತರು, ಅವನಿಗೆ ಅದು ತಿಳಿಯಲೂ ಇಲ್ಲ. ಕಲ್ಪನಾ ಆರು ತಿಂಗಳಲ್ಲಿ ಗಂಡನ ಕೈಮಾತು ಕಲಿತಳು. ಮೊದಲು ಕಲಿತದ್ದು ಬೈಗುಳ.

ವರ್ಷಗಳುರುಳಿದರೂ ಗಾಡಿ ನಿಲ್ಲುತ್ತಿದ್ದದ್ದು ಅಂತರಘಟ್ಟಮ್ಮ ಕಲ್ಯಾಣ ಮಂಟಪದ ಕಾಂಪೌಂಡ್ ಪಕ್ಕ. ಮಂಟಪದ ಮಾಲೀಕ ತಿಪ್ಪೇಶಣ್ಣ, ಹೊಟ್ಟೆ ಮುಂದೆ, ಬೀಗದಕೈ ಗೊಂಚಲು ಸೊಂಟದ ಹಿಂದೆ, ಹೆಗಲ ಮೇಲೆ ಕಾವಿ ಟವೆಲ್. ಕಾಂಪೌಂಡಿನ ಉದ್ದನೆಯ ಗೋಡೆ ಪೋಸ್ಟರು ಹರಿದು ಹರಿದು ಹುಣ್ಣಾದಂತಿತ್ತು. ಮದುವೆಗೆ ಬಂದವರು ಹೊರಗೆ ನಿಂತು ಫೋಟೋ ಹೊಡೆಸಿಕೊಳ್ಳಲಿ ಅಂತ ಅಲ್ಲೊಂದು ಸೀನರಿ ಬರೆಸುವ ಆಸೆ ಅವನಿಗೆ.

‘ಸ್ವಿಟ್ಜರ್ಲೆಂಡ್ ಬರೀಲಿ ಕಣಮ್ಮ ನಿಮ್ ಯಜಮಾನ್ರು.’

‘ಟಿಕೆಟ್ ತಗ್ಸಿಕೊಡ್ರಿ ಅಣ್ಣ. ಹೋಗಿ ನೋಡ್ಕೊಂಡು ಬಂದು ಬರೀತಾರೆ.’

‘ಟಿಕೆಟ್ಟಾ? ನೀನೇನು ಮಿರ್ಚಿ ಮಾರ್ತೀಯೋ ವಿಮಾನ ಮಾರ್ತೀಯೋ? ಆತು, ಪುಕ್ಕಟೆ ನೋಡಿರೋದು ಏನೈತೋ ಅದನ್ನೇ ಬರೀಲಿ.’

ಕಲ್ಪನಾ ಇದನ್ನು ಕೈಗೆ ತಿರುಗಿಸಿದಾಗ ಮೈಲಾರಿ ಅವಳ ಕೈಯನ್ನೇ ಹಿಡಿದುಕೊಂಡು ಇನ್ನೊಮ್ಮೆ ಹೇಳು ಅಂದ.

ಪುಕ್ಕಟೆ ನೋಡಿದ್ದು ಅಂದರೆ ಸೊಕ್ಕೆಯ ಬಯಲು. ಇಡೀ ಗೋಡೆಗೆ ಅದನ್ನೇ ಬರೆದ. ಒಂದು ಗಿಡದಲ್ಲಿ ಅನುಮಾನ ಬಂದರೆ ಹೊನ್ನಾಳಿ, ದಾವಣಗೆರೆಯಲ್ಲಿ ಬಸ್ಸು ಬದಲಿಸಿ ಜಗಳೂರಿಗೆ ಹೋಗಿ, ಅಲ್ಲಿಂದ ಸೊಕ್ಕೆಗೆ ಹೋಗಿ ಗಿಡ ನೋಡಿಕೊಂಡು ಬರುತ್ತಿದ್ದ. ‘ಒಂದು ಜಾಲಿಗಿಡಕ್ಕೆ ನಾಲ್ಕು ಬಸ್ಸು ಹತ್ತೋ ಮನುಷ್ಯನ್ನ ನಾ ನೋಡಿಲ್ಲ’ ಅಂತ ತಿಪ್ಪೇಶಣ್ಣ ಕಂಡಕಂಡವರಿಗೆ ಹೇಳಿದ. ಗೋಡೆ ಮುಗಿದ ದಿನ ನ್ಯಾಮತಿಯ ಜನ ನಿಂತು ನೋಡಿದರು. ಹಸಿರು ನೋಡಿ ಬೆಳೆದವರು. ಒಬ್ಬ ಬಾಯಾರಿಕೆ ಆಯಿತು ಅಂತ ಸೋಡಾ ಕುಡಿದ. ಇನ್ನೊಬ್ಬ ಗೋಡೆಯ ಬಿಸಿಲಿಗೆ ಕಣ್ಣಿಗೆ ಕೈ ಅಡ್ಡ ಹಿಡಿದ. ಅಷ್ಟು ನಿಜವಾಗಿತ್ತು. ಮೈಲಾರಿಯ ಮೀಸೆ ಮೇಲೇರಿತು.

ಆ ನಿಜವೇ ಕುತ್ತಿಗೆಗೆ ಬಂತು.

ಮೊದಲ ಮದುವೆಯ ಊಟ ಮುಗಿಯಿತು. ಒಬ್ಬರು ಬೀಗರು ಹೊರಗೆ ಬಂದರು. ಎಡಕ್ಕೆ ನೋಡಿದರು, ಬಲಕ್ಕೆ ನೋಡಿದರು. ಎದುರಿಗೆ ಬಯಲು, ಬಯಲಲ್ಲಿ ಒಂದು ಒತ್ತಾದ ಜಾಲಿಗಿಡ. ಗಂಡಸು ಬಯಲಿನಲ್ಲಿ ಗಿಡ ಕಂಡರೆ ಏನು ಮಾಡುತ್ತಾನೋ ಬೀಗರೂ ಅದನ್ನೇ ಮಾಡಿದರು. ಅವರ ಹಿಂದೆ ಇನ್ನೊಬ್ಬರು. ಪೋಸ್ಟರುಗಳ ಕಾಲದಲ್ಲಿ ಆ ಗೋಡೆಗೆ ಯಾರೂ ಉಚ್ಚೆ ಹೊಯ್ದಿರಲಿಲ್ಲ. ರಸ್ತೆಯ ಪಕ್ಕ, ನಾಚಿಕೆ ಇತ್ತು. ಈಗ ನಾಚಿಕೆ ಹೋಯಿತು. ಕಲ್ಪನಾ ಗಾಡಿ ಬಿಟ್ಟು ಸೌಟು ಹಿಡಿದು ಬಂದು ಒಬ್ಬನನ್ನು ಕೇಳಿದಳು:

‘ಏನಣ್ಣ, ಬೀದಿ ಮೇಲೆ?’

‘ಬೀದಿ ಮೇಲೆ ಎಲ್ಲೈತೆ ತಾಯಿ? ಗಿಡದ ಮರೆಗೆ ನಿಂತೀನಲ್ಲ.’

‘ಗಿಡ ಗೋಡೆ ಮೇಲೈತೆ, ನೀನು ಈ ಕಡೆ ಇದೀಯ! ಮರೆ ಎಲ್ಲಿಂದ ಬಂತು?’

ಅವನು ಗಿಡವನ್ನು ನೋಡಿದ, ತನ್ನನ್ನು ನೋಡಿಕೊಂಡ, ಒಂದಿಷ್ಟು ಯೋಚಿಸಿದ. ‘ಅದೂ ಹೌದು’ ಅಂದ. ಆದರೆ ನಿಲ್ಲಿಸಲಿಲ್ಲ.

ಸಂಜೆಗೆ ಈ ಸಂಗತಿ ಗಂಡನಿಗೆ ಹೇಳಿದಾಗ ಮೈಲಾರಿಯ ಮುಖದಲ್ಲಿ ಸಣ್ಣ ನಗು ಬಂತು. ಕಲ್ಪನಾ ಸೌಟಿನಿಂದಲೇ ತಿವಿದಳು. ‘ಹೆಮ್ಮೆ ಬ್ಯಾರೆ ನಿನಗೆ! ಮೂಗು ಐತಾ ಇಲ್ವಾ? ಮಂಡಕ್ಕಿ ತಿನ್ನಾಕೆ ಬಂದೋರು ಮೂಗು ಮುಚ್ಕೊಂಡು ಹೋಗಾಕೆ ಹತ್ಯಾರೆ.’ ಹೆಮ್ಮೆ ಹೆಚ್ಚು ದಿನ ಉಳಿಯಲಿಲ್ಲ. ಮುಂಗಾರು ಶುರುವಾಗುವ ಮೊದಲೇ ಬಯಲಿನ ಬುಡ ಉಬ್ಬಿ ಹಕ್ಕಳೆ ಏಳತೊಡಗಿತು. ಸೊಕ್ಕೆಯ ಕೆಂಪು ನೆಲ ಚೂರುಚೂರಾಗಿ ಚರಂಡಿಗೆ ಬಿತ್ತು. ಅವನು ಕೆರೆದು, ಪ್ರೈಮರ್ ಬಳಿದು, ಮತ್ತೆ ಬರೆದ. ಅವರು ಮತ್ತೆ ಹೊಯ್ದರು.

ತಿಪ್ಪೇಶಣ್ಣ ಒಂದು ಬೆಳಗ್ಗೆ ಗಾಡಿಯ ಮುಂದೆ ಕುರ್ಚಿ ಹಾಕಿಸಿಕೊಂಡು ಕೂತು ತೀರ್ಪು ಕೊಟ್ಟ. ‘ನೋಡಮ್ಮ, ದೇವ್ರನ್ನ ಬರೀಬೇಕು. ಎಲ್ಲ ಕಡೆ ಅದೇ ಮಾಡ್ತಾರೆ. ಈಶ್ವರ ಒಬ್ಬ, ಮೆಕ್ಕಾ ಒಂದು, ಶಿಲುಬೆ ಒಂದು. ಯಾವ ಜಾತಿಯೋನಿಗೂ ಹೊಯ್ಯಾಕೆ ಜಾಗ ಇರಬಾರ್ದು. ಇಲ್ಲಂದ್ರೆ ಮುಂದಿನ ಲಗ್ನದ ಹೊತ್ತಿಗೆ ಸುಣ್ಣ ಹೊಡಿಸಿಬಿಡ್ತೀನಿ.’

ಮಿರ್ಚಿ ತಿನ್ನುತ್ತಿದ್ದವರು ಚರ್ಚೆಗೆ ಸೇರಿದರು. ದೇವರನ್ನು ಎಷ್ಟು ಎತ್ತರದಲ್ಲಿ ಬರೆಯಬೇಕು ಅನ್ನುವುದು ಮೊದಲ ಸಮಸ್ಯೆ. ಮೇಲೆ ಬರೆದರೆ ಗೌರವ ಉಳಿಯುತ್ತದೆ, ಆದರೆ ಕೆಳಗೆ ಜಾಗ ಖಾಲಿ ಉಳಿಯುತ್ತದೆ. ಕೆಳಗೆ ಬರೆದರೆ ಕೆಲಸಕ್ಕೆ ಬರುತ್ತದೆ, ಗೌರವ ಹೋಗುತ್ತದೆ. ನಮ್ಮ ದೇವರನ್ನು ಯಾಕೆ ಕೆಳಗೆ, ಅವರ ದೇವರನ್ನು ಹಾಕಿರಿ ಅಂತ ಒಬ್ಬ. ಕೆಳಗೆ ನಿಂತು ಕಾಯುವ ಕೆಲಸಕ್ಕೂ ನಮ್ಮೋರೇ ಆಗಬೇಕಾ ಅಂತ ಇನ್ನೊಬ್ಬ. ಕಲ್ಪನಾ ಎಲ್ಲವನ್ನೂ ಗಂಡನ ಮುಂದೆ ಕೈಯಲ್ಲಿ ಹರಡಿದಳು. ಅವನು ಮುಗಿಯುವತನಕ ನೋಡಿ, ನಿಧಾನ ಉತ್ತರಿಸಿದ.

‘ಏನಂತಾರೆ?’ ಅಂದ ತಿಪ್ಪೇಶಣ್ಣ.

‘ಸೊಕ್ಕೆ ಹೊಲದಾಗೆ ದೇವರು ನಿಂತಿದ್ದನ್ನ ನಾನು ನೋಡಿಲ್ಲ ಅಂತಾರೆ.’

‘ದೇವ್ರನ್ನ ಯಾರು ನೋಡ್ಯಾರೆ ಮಾರಾಯ್ತಿ! ಯಾರೂ ನೋಡಿಲ್ಲ, ಆದ್ರೂ ಎಲ್ರೂ ಬರೀತಾರೆ!’

‘ಹೋಗ್ಲಿ, ನಿಮ್ ಬುದ್ಧನ್ನಾದ್ರೂ ಬರೀಲಿ’ ಅಂದ ಮಂಡಕ್ಕಿಯ ಪೊಟ್ಟಣ ಹಿಡಿದಿದ್ದ ಒಬ್ಬ, ರಾಜಿ ಮಾಡಿಸುವ ಧಾಟಿಯಲ್ಲಿ.

ಮೈಲಾರಿ ಅಡ್ಡಡ್ಡ ತಲೆಯಾಡಿಸಿದ. ಅವನನ್ನೂ ನೋಡಿಲ್ಲ.

‘ಹಂಗಾರೆ ಸುಣ್ಣ’ ಅಂದು ತಿಪ್ಪೇಶಣ್ಣ ಎದ್ದ.

ಅದು ಮೈಲಾರಿಯ ಕಡೆಯ ಗೋಡೆ. ಅವನಿಗೂ ಅದು ಗೊತ್ತು. ಕಣ್ಣು ಮಂಜಾಗತೊಡಗಿತ್ತು, ಏಣಿ ಹತ್ತುವುದು ಕಷ್ಟವಾಗಿತ್ತು, ಇಷ್ಟು ಉದ್ದದ ಗೋಡೆ ಇನ್ನು ಯಾವನೂ ಕೊಡುವುದಿಲ್ಲ. ಕಲ್ಪನಾ ಹೇಳಿದಳು, ಒಂದು ಸಣ್ಣ ಈಶ್ವರ ಬರೆದುಬಿಡು, ಮೂಲೆಯಲ್ಲಿ, ಯಾರಿಗೂ ಕಾಣದಂಗೆ. ಅವನು ಮಾರನೇ ದಿನದಿಂದ ರಸ್ತೆಯ ಆಚೆ ಬಣ್ಣದ ಬಕೆಟ್ ಬೋರಲು ಹಾಕಿ, ಅದರ ಮೇಲೆ ಕೂತು ಗೋಡೆಯನ್ನು ನೋಡತೊಡಗಿದ.

ಹೊಯ್ಯಲು ಬಂದವರು ಮೊದಲು ಅನುಮಾನಿಸಿದರು. ಕಾವಲು ಕೂತಿದ್ದಾನೋ ಏನೋ. ಆಮೇಲೆ ಒಬ್ಬರಿಗೊಬ್ಬರು ಧೈರ್ಯ ಹೇಳಿಕೊಂಡರು.

‘ಅಲ್ಲಿ ಯಾರೋ ಕುಂತಾರಲ್ಲೋ.’

‘ಮೈಲಾರಿ ಕಣೋ. ಅವ್ನಿಗೆ ಕಿವಿ ಕೇಳಂಗಿಲ್ಲ, ಹೊಯ್ಯಿ.’

ಇದನ್ನು ಬರೆಯುವಾಗಲೂ ನಗು ಬರುತ್ತದೆ. ಕಿವಿ ಕೇಳದವನಿಗೆ ಕಣ್ಣೂ ಕಾಣುವುದಿಲ್ಲ ಅಂತ ನ್ಯಾಮತಿಯ ಪ್ರಜ್ಞಾವಂತ ಗಂಡಸರೆಲ್ಲ ಒಮ್ಮತದಿಂದ ತೀರ್ಮಾನಿಸಿದ್ದರು. ಸದ್ದು ಬರದಂತೆ ಗೋಡೆಗೆ ಹತ್ತಿರ ನಿಲ್ಲುತ್ತಿದ್ದರು, ಕಾಲ್ಬೆರಳ ಮೇಲೆ ನಡೆದು ಬರುತ್ತಿದ್ದರು. ಹೆಡ್‌ಮೇಷ್ಟರು ಮಾತ್ರ ಸಂಸ್ಕಾರವಂತರು. ಮುಗಿಸಿ ಹೋಗುವಾಗ ಮೈಲಾರಿಗೆ ಕೈಯೆತ್ತಿ ನಮಸ್ಕಾರ ಮಾಡುತ್ತಿದ್ದರು.

ಲಗ್ನದ ಮುನ್ನಾದಿನ ಮೈಲಾರಿ ಡಬ್ಬಿ, ಬ್ರಷ್ಷು ತೆಗೆದುಕೊಂಡು ಗೋಡೆಗೆ ಹೋದ. ಕಲ್ಪನಾ ಈಶ್ವರ ಬರುತ್ತಾನೆ ಅಂತ ಸಮಾಧಾನವಾಗಿ ಮೆಣಸಿನಕಾಯಿ ಸೀಳುತ್ತ ಕೂತಳು. ಮಧ್ಯಾಹ್ನ ಎದ್ದು ಹೋಗಿ ನೋಡಿದವಳು ಕೈಯಲ್ಲಿದ್ದ ಮೆಣಸಿನಕಾಯಿಯನ್ನು ಹಾಗೇ ಕಚ್ಚಿದಳು. ಈಶ್ವರ ಇರಲಿಲ್ಲ. ಬಯಲಿನುದ್ದಕ್ಕೂ ಸಾಲಾಗಿ ಗಂಡಸರು, ಕಾಲು ಅಗಲಿಸಿ, ಬೆನ್ನು ಈ ಕಡೆ ಮಾಡಿ. ಒಬ್ಬನ ಅಂಗಿಯ ಬೆನ್ನಿಗೆ ಅಡ್ಡ ಹೊಲಿಗೆ, ಒಬ್ಬನ ಪಂಚೆಯ ಗಂಟು ಎಡಕ್ಕೆ ವಾಲಿದ್ದು, ಒಬ್ಬನ ಬೋಳಿನ ಮೇಲೆ ಉಳಿದ ಒಂದು ಎಳೆ, ಪೋಸ್ಟ್‌ಮನ್‌ನ ಇಳಿದ ಬಲಭುಜ, ಹೆಡ್‌ಮೇಷ್ಟರ ಕಂಕುಳಲ್ಲಿ ಕೊಡೆ. ಮುಖ ಒಂದೂ ಇಲ್ಲ. ಬೇಕಾಗಿಯೂ ಇರಲಿಲ್ಲ.

‘ಇದೇನೋ ಮಾಡಿದೆ ಮನುಷ್ಯನೇ!’ ಅಂದಳು ಎರಡೂ ಕೈಯಲ್ಲಿ.

ಕಂಡಿದ್ದು, ಅಂದ ಮೈಲಾರಿ.

ಮಾರನೇ ದಿನದ ಮದುವೆಯನ್ನು ನ್ಯಾಮತಿ ಇನ್ನೂ ಮರೆತಿಲ್ಲ. ಮದುಮಕ್ಕಳ ಹೆಸರು ಮರೆತಿದೆ. ಹೆಂಗಸರು ಮಂಟಪದೊಳಗೆ ಹೋಗಲೇ ಇಲ್ಲ, ಗೋಡೆಯ ಮುಂದೆ ಜಾತ್ರೆ ನೆರೆದರು.

‘ಅಂಬಿಕಾ, ಇದು ನಿಮ್ಮೋರಲ್ವೇನೇ?’

‘ಅಯ್ಯ, ನಮ್ಮೋರ ಬೆನ್ನು ಹಿಂಗಿಲ್ಲ ಬಿಡಕ್ಕ.’

‘ಮತ್ತೆ ಹೆಂಗೈತೆ? ಕರೀ, ತಿರುಗ್ಸಿ ನೋಡಾನ.’

‘ಆ ಅಡ್ಡ ಹೊಲಿಗೆ ನೋಡಕ್ಕ, ನಾನೇ ಹಾಕಿದ್ದು! ದಾರ ಸಿಗದೇ ಹಸಿರು ದಾರದಾಗೆ ಹೊಲ್ದಿದ್ದೆ. ಇವ್ರನ್ನ... ಮನ್ಯಾಗೆ ಟಾಯ್ಲೆಟ್ ಕಟ್ಟಿಸಿ ಬಾಗಿಲಿಗೆ ಬೀಗ ಹಾಕ್ಯಾರೆ, ಹೊಸದು ಹಾಳಾಗ್ತೈತೆ ಅಂತ!’ ಅಂದಳು ಅಂಬಿಕಾ, ಹತ್ತಿರ ಹೋಗಿ ನೋಡಿ.

ಗಂಡಸರಿಗೆ ಅವತ್ತು ಬೆನ್ನು ಅನ್ನುವುದೇ ಶತ್ರುವಾಯಿತು. ಎಲ್ಲರೂ ಕಂಬಕ್ಕೆ, ಗೋಡೆಗೆ, ಒಬ್ಬರಿಗೊಬ್ಬರು ಬೆನ್ನು ಒತ್ತಿ ನಿಂತರು. ಅಕ್ಷತೆ ಹಾಕಿದವರು ಹಿಮ್ಮುಖವಾಗಿ ನಡೆದು ವಾಪಸು ಬಂದರು. ಹುಡುಗಿಯ ಕಡೆಯವರು ಇದೇನೋ ನ್ಯಾಮತಿಯ ಪದ್ಧತಿ ಅಂದುಕೊಂಡು ತಾವೂ ಹಿಮ್ಮುಖ ನಡೆದರು. ಪಂಕ್ತಿಯಲ್ಲಿ ಬಗ್ಗಿ ಸಾರು ಬಡಿಸಲು ಒಬ್ಬನೂ ಒಪ್ಪದೆ ಜನ ಬರೀ ಅನ್ನ ತಿಂದು ಎದ್ದರು. ಕ್ಷೌರದಂಗಡಿಯಲ್ಲಿ ಮುಂದಿನ ಕೂದಲು ಬಿಟ್ಟು ಹಿಂದಿನದನ್ನು ಮಾತ್ರ ಬೇರೆ ನಮೂನೆ ಮಾಡಿಸಿಕೊಳ್ಳುವವರ ಸಾಲು ನಿಂತಿತು.

ತಿಪ್ಪೇಶಣ್ಣ ಸುಣ್ಣದ ಬಕೆಟ್ ಹಿಡಿದು, ಹೆಗಲ ಟವೆಲ್ ಸೊಂಟಕ್ಕೆ ಬಿಗಿದು, ತಾನೇ ಬಂದ. ಹೆಂಗಸರು ದಾರಿ ಬಿಟ್ಟರು. ಬಲತುದಿಯಿಂದ ಶುರು ಮಾಡೋಣ ಅಂತ ಬ್ರಷ್ಷು ಎತ್ತಿದವನು ಅಲ್ಲೇ ನಿಂತ. ಬಲತುದಿಯಲ್ಲಿ ಇದ್ದದ್ದು ಅಗಲವಾದ ಒಂದು ಬೆನ್ನು, ಹೆಗಲ ಮೇಲೆ ಕಾವಿ ಟವೆಲ್, ಸೊಂಟದ ಹಿಂದೆ ಬೀಗದಕೈ ಗೊಂಚಲು.

ಕಲ್ಪನಾ ಗಾಡಿಯಿಂದಲೇ ಕೂಗಿದಳು:

‘ಹೊಡೀರಿ ಅಣ್ಣ ಸುಣ್ಣ. ನಿಮ್ಮದೇ ಗೋಡೆ, ನಿಮ್ಮದೇ ಸುಣ್ಣ.’

‘ಯಾಕಣ್ಣ ಅಳಿಸ್ತೀರಿ?’ ಅಂದಳು ಅಂಬಿಕಾ. ‘ಗಿಡ, ಬಯಲು, ಯಾರೋ ದಾರಿಹೋಕರು. ನಿಮಗೇನು ತ್ರಾಸು ಐತೆ ಅದರಾಗೆ? ನಿಮ್ಮೋರು ಯಾರಾರ ಅದಾರೇನು?’

ತಿಪ್ಪೇಶಣ್ಣನ ತಲೆಯೊಳಗೆ ಏನು ಓಡಿತು ಅನ್ನುವುದು ಮುಖದ ಮೇಲೆ ಓಡಿತು. ಅಳಿಸಿದರೆ ಅದು ತಾನೇ ಅಂತ ಒಪ್ಪಿಕೊಂಡಂತೆ. ಬಿಟ್ಟರೆ ಊರಿನ ನಟ್ಟನಡುವೆ ತನ್ನ ಬೆನ್ನು. ಬೇರೆಯವರನ್ನಾದರೂ ಕೇಳೋಣವೆಂದರೆ ಗಂಡಸರೊಬ್ಬರೂ ಮುಂದೆ ಬರಲೊಲ್ಲರು. ಅಳಿಸಿ ಅಂದವನು ಯಾವ ಬೆನ್ನಿನವನು ಅಂತ ಹೆಂಗಸರು ಆಗಲೇ ಕಾಯುತ್ತಿದ್ದರು.

ರಸ್ತೆಯಾಚೆ ಬಕೆಟ್ ಮೇಲೆ ಕೂತಿದ್ದ ಮೈಲಾರಿಗೆ ಮಾತು ಯಾವುದೂ ಕೇಳಲಿಲ್ಲ. ಅವನು ಬ್ರಷ್ಷನ್ನು ನೋಡುತ್ತಿದ್ದ. ಬ್ರಷ್ಷಿನ ತುದಿಯಿಂದ ಸುಣ್ಣ ತೊಟ್ಟಿಕ್ಕಿ ತಿಪ್ಪೇಶಣ್ಣನ ಚಪ್ಪಲಿಯ ಮೇಲೆ ಬೀಳುತ್ತಿತ್ತು. ಬ್ರಷ್ಷು ಗೋಡೆ ಮುಟ್ಟಿದರೆ ಇವನ ಜೀವಮಾನದ ದುಡಿಮೆ ಮುಗಿಯಿತು. ಬೆವರು ಕಣ್ಣಿಗಿಳಿದರೂ ರೆಪ್ಪೆ ಬಡಿಯಲಿಲ್ಲ.

ಬ್ರಷ್ಷು ಕೆಳಗಿಳಿಯಿತು.

‘ಅಳಿಸಾಕೆ ಯಾರು ಬಂದ್ರು?’ ಅಂದ ತಿಪ್ಪೇಶಣ್ಣ. ‘ಅಡಿಗೆಮನೆಗೆ ಅಂತ ತಂದಿದ್ದೆ. ದಾರೀಲಿ ನೋಡಾನ ಅಂತ ನಿಂತೆ. ಚೆನ್ನಾಗೈತೆ.’

ಹೇಳಿ, ಬಕೆಟ್ ಎತ್ತಿಕೊಂಡು, ಗೋಡೆಗೆ ಮುಖ ಮಾಡಿದರೆ ಬೆನ್ನು ಜನಕ್ಕೆ, ಜನಕ್ಕೆ ಮುಖ ಮಾಡಿದರೆ ಗೋಡೆಯ ಬೆನ್ನಿಗೆ ತನ್ನ ಬೆನ್ನು ಜೋಡಿ, ಯಾವುದೂ ಬೇಡವೆಂದು ಏಡಿಯ ಹಾಗೆ ಅಡ್ಡಡ್ಡ ನಡೆದು ಮಂಟಪದೊಳಗೆ ಸೇರಿಕೊಂಡ.

ಆಮೇಲೆ ಆ ಗೋಡೆಗೆ ಒಬ್ಬನೂ ಹೊಯ್ಯಲಿಲ್ಲ. ಮಂಡಕ್ಕಿ ಗಾಡಿಗೆ ಜನ ಬಂದರು. ಆದರೆ ಮೈಲಾರಿ ನಗಲಿಲ್ಲ. ತಾನು ಬರೆದದ್ದು ಬಯಲು, ಜನ ನೋಡುತ್ತಿದ್ದದ್ದು ಬೆನ್ನು. ಸೊಕ್ಕೆಯ ಆಕಾಶದ ಕಡೆ ಒಬ್ಬರೂ ತಲೆ ಎತ್ತುತ್ತಿರಲಿಲ್ಲ. ಊರೂರಿನಿಂದ ಬುಲಾವು ಬಂತು: ನಮ್ಮ ಗೋಡೆಗೂ ಹೊಯ್ಯುವವರನ್ನು ಬರೆದು ಕೊಡಿ. ಎಲ್ಲದಕ್ಕೂ ಅವನು ಅಡ್ಡಡ್ಡ ತಲೆಯಾಡಿಸಿದ. ತಾನು ಸೀನರಿ ಪೇಂಟರ್, ಉಚ್ಚೆ ಪೇಂಟರ್ ಅಲ್ಲ ಅಂತ ಕಲ್ಪನಾಳ ಕೈಲಿ ಹೇಳಿಸಿದ. ಅವಳು ಇನ್ನೂ ಖಾರವಾಗಿ ಹೇಳಿದಳು.

ಆಷಾಢದಲ್ಲಿ ಒಂದು ಬೆಳಗ್ಗೆ ಹೆಡ್‌ಮೇಷ್ಟರು ಮಿರ್ಚಿ ಕಟ್ಟಿಸಿಕೊಳ್ಳುವ ನೆಪದಲ್ಲಿ ಬಂದರು. ಅಕ್ಕಪಕ್ಕ ನೋಡಿ ದನಿ ಇಳಿಸಿದರು.

‘ಅಲ್ಲಮ್ಮ, ಆ ಚಿತ್ರದಲ್ಲಿ ಕೊಡೆ ಇಟ್ಕೊಂಡು ಯಾರೋ ಒಬ್ಬರಿದ್ದಾರಲ್ಲ. ಯಾರೋ ಏನೋ, ನನಗೆ ಗೊತ್ತಿಲ್ಲ. ಅಲ್ಲೊಂದು ಗಿಡ ಇದ್ದಿದ್ರೆ ಪ್ರಕೃತಿ ಇನ್ನೂ ಶೋಭಿಸ್ತಿತ್ತು ಅಂತ ನನ್ನ ಅಭಿಪ್ರಾಯ.’

ಕಲ್ಪನಾ ತಿರುಗಿಸಿ ಹೇಳಿದಳು. ಮೈಲಾರಿ ಮೇಷ್ಟರನ್ನು ಮೇಲಿಂದ ಕೆಳಗೆ ನೋಡಿದ. ಮರುದಿನ ಸೊಕ್ಕೆಗೆ ಹೊರಟ. ಬಿಸಿಲಿಗೆ ಕೂತು ಒಂದು ಬಂದರಿಕೆ ಗಿಡ ನೋಡಿಕೊಂಡು ಬಂದು ಮೇಷ್ಟರ ಮೇಲೆ ಬರೆದ. ಮರುವಾರ ಅಂಬಿಕಾಳ ಗಂಡ ಬಂದ. ಅವನಿಗೂ ಪ್ರಕೃತಿಯ ಮೇಲೆ ಪ್ರೀತಿ ಹುಟ್ಟಿತ್ತು. ಹೀಗೆ ಒಬ್ಬೊಬ್ಬರಾಗಿ, ಒಬ್ಬರಿಗೊಬ್ಬರು ಗೊತ್ತಾಗದಂತೆ, ನ್ಯಾಮತಿಯ ಗಂಡಸರೆಲ್ಲ ಬಂದು ಗಿಡ ನೆಡಿಸಿಕೊಂಡು ಹೋದರು. ಒಬ್ಬೊಬ್ಬರಿಗೂ ಬೇರೆ ಬೇರೆ ಗಿಡ, ಪ್ರತಿ ಗಿಡಕ್ಕೂ ಒಂದು ಬಸ್ಸು ಪ್ರಯಾಣ. ವರ್ಷ ತಿರುಗುವಷ್ಟರಲ್ಲಿ ಬಯಲು ಮತ್ತೆ ಬಯಲಾಯಿತು, ಮೊದಲಿಗಿಂತ ಒಂದಿಷ್ಟು ಒತ್ತಾಗಿ. ಮೂಕಪ್ಪ ಬಂದು ನೋಡಿ, ಸೊಕ್ಕೆಯಲ್ಲಿ ಇಷ್ಟು ಗಿಡ ಯಾವ ಸರ್ಕಾರ ನೆಟ್ಟಿತು ಅಂತ ಜಗಳಕ್ಕೆ ನಿಂತ.

ತಿಪ್ಪೇಶಣ್ಣ ಮಾತ್ರ ಬರಲಿಲ್ಲ. ಅಳಿಸಲು ಬಂದಿರಲಿಲ್ಲ ಅಂತ ಅಷ್ಟು ಜನರೆದುರು ಹೇಳಿದವನು ಗಿಡ ಕೇಳುವುದು ಹೇಗೆ? ಅವನ ಬೆನ್ನು ಹಾಗೇ ಉಳಿಯಿತು. ಪರ ಊರಿನಿಂದ ಮದುವೆಗೆ ಬಂದವರು ಅದರ ಪಕ್ಕ ನಿಂತು ಫೋಟೋ ಹೊಡೆಸಿಕೊಳ್ಳುತ್ತಾರೆ. ‘ಪಾಪ, ರೈತ, ಹೊಲ ನೋಡ್ತಾ ಹೆಂಗೆ ಮೈಮರೆತು ನಿಂತಾನೆ’ ಅನ್ನುತ್ತಾರೆ. ಹೌದು, ಹೌದು ಅನ್ನುತ್ತಾನೆ ತಿಪ್ಪೇಶಣ್ಣ, ಅಂಗಿಯ ಮೇಲೆ ಶಾಲು ಹೊದ್ದುಕೊಂಡು.

ಮೈಲಾರಿ ಈಗ ಬ್ರಷ್ಷು ಹಿಡಿಯುವುದು ಕಡಿಮೆ. ಸಂಜೆ ಬಕೆಟ್ ಮೇಲೆ ಕೂತು ತನ್ನ ಗೋಡೆಯನ್ನು ನೋಡುತ್ತಾನೆ. ಗಂಡಸರು ಎದುರು ಹಾಯುವಾಗ ಅಂಗಿ ಸರಿಮಾಡಿಕೊಳ್ಳುತ್ತಾರೆ. ಮೊನ್ನೆ ಶಿವಮೊಗ್ಗದ ಬಸ್ಸಿನಿಂದ ಇಳಿದ ಪ್ರಯಾಣಿಕನೊಬ್ಬ, ಅವಸರದಲ್ಲಿದ್ದವನು, ಬಯಲು ಕಂಡು ಓಡಿ ಬಂದು ಬಂದರಿಕೆ ಗಿಡದ ಮುಂದೆ ನಿಂತು ಪ್ಯಾಂಟಿನ ಜಿಪ್ಪಿಗೆ ಕೈ ಹಾಕಿದ. ಕಲ್ಪನಾ ಎಣ್ಣೆಯಿಂದ ಸೌಟು ಎತ್ತಿ ಕೂಗಿದಳು:

‘ಯಣ್ಣಾ, ಅಲ್ಲಿ ಬ್ಯಾಡ! ಅದು ಗಿಡ ಅಲ್ಲ, ನಮ್ಮ ಹೆಡ್‌ಮೇಷ್ಟ್ರು!’

ಪ್ರಯಾಣಿಕ ಬೆಚ್ಚಿ ಹಿಂದೆ ಸರಿದ. ‘ತಪ್ಪಾತು ಸಾರ್’ ಅಂತ ಗಿಡಕ್ಕೆ ಕೈಮುಗಿದು, ಪಕ್ಕದ ಕಳ್ಳಿಯ ಕಡೆ ಹೆಜ್ಜೆ ಹಾಕಿದ.

‘ಅಲ್ಲೂ ಬ್ಯಾಡಣ್ಣ, ಅದು ಪೋಸ್ಟ್‌ಮನ್ನು!’

ಅವನು ಬಯಲಿನ ಉದ್ದಕ್ಕೂ ಒಂದೊಂದೇ ಗಿಡವನ್ನು ನೋಡಿದ, ರಸ್ತೆಯಾಚೆ ಬಕೆಟ್ ಮೇಲೆ ಕೂತು ತನ್ನನ್ನೇ ನೋಡುತ್ತಿದ್ದ ಮುದುಕನನ್ನು ನೋಡಿದ, ಮತ್ತೆ ಓಡಿಹೋಗಿ ಬಸ್ಸು ಹತ್ತಿದ.